ಅಕ್ಕಿಯ ಮೇಲೆ ಬರೆದ ಹೆಸರು

ನನ್ನ ಅರ್ಜಿಯ ಮೇಲೆ ಪರಿಶೀಲನಾ ಸಮಿತಿಯವರು ಕೆಂಪು ಮಸಿಯಲ್ಲಿ ಬರೆದ ವಾಕ್ಯವನ್ನು ಮೊದಲು ಹೇಳಿಬಿಡುತ್ತೇನೆ. ಅದನ್ನು ಹೊಟ್ಟೆಯಲ್ಲಿಟ್ಟುಕೊಂಡು ಬೇರೆ ಮಾತಾಡುವುದು ನನ್ನಿಂದ ಆಗುವುದಿಲ್ಲ. "ಅಭ್ಯರ್ಥಿಯು ತಮ್ಮ ಅತ್ತೆಯವರು ಬರೆದ ಎರಡು ಸಂಶೋಧನಾ ಲೇಖನಗಳನ್ನು ತಮ್ಮವೆಂದು ತೋರಿಸಿರುತ್ತಾರೆ."

ನನ್ನ ಅತ್ತೆಗೆ ಎಪ್ಪತ್ತೊಂದು ವರ್ಷ. ತಿಕೋಟಾದ ರೇಶನ್ ಅಂಗಡಿಯಲ್ಲಿ ಹೆಬ್ಬೆಟ್ಟು ಒತ್ತಿ ಜೋಳ ತರುವ ಹೆಂಗಸು. ಆಕೆ ಹದಿನೇಳನೇ ಶತಮಾನದ ಇಂಗ್ಲೆಂಡಿನ ಒಬ್ಬ ಹೆಣ್ಣಿನ ಹಸ್ತಪ್ರತಿಯ ಮೇಲೆ ಇಂಗ್ಲಿಷಿನಲ್ಲಿ ಎರಡು ಲೇಖನ ಬರೆದಿದ್ದಾಳೆ ಎಂದು ಮೂವರು ಓದಿದ ಗಂಡಸರು ಕೂತು, ಚಹಾ ಕುಡಿದು, ತೀರ್ಮಾನಿಸಿ, ಕೆಳಗೆ ಸಹಿ ಹಾಕಿದ್ದರು. ಮೂರೂ ಸಹಿ ಬಹಳ ಚೆಂದ ಇದ್ದವು.

ಈ ತಪ್ಪು ನಮ್ಮ ಕಡೆಯವರ ಕೈಯಲ್ಲಿ ಮಾತ್ರ ಆಗುವಂಥದ್ದು. ಹೇಗಾಯಿತು ಎಂದು ಹೇಳುತ್ತೇನೆ.

ನಾನು ಹುಟ್ಟಿದ್ದು ಬಬಲೇಶ್ವರದ ಹತ್ತಿರ ಜೈನಾಪುರದಲ್ಲಿ. ಅಪ್ಪ ಗುರುಪಾದಯ್ಯ ಹಿರೇಮಠ ತನ್ನ ತಾಯಿಯ ಹೆಸರನ್ನೇ ನನಗಿಟ್ಟ. ರುದ್ರವ್ವ. ಧಾರವಾಡದಲ್ಲಿ ಎಂ.ಎ. ಓದುವಾಗ ಹಾಸ್ಟೆಲಿನ ಹುಡುಗಿಯರು ಆ ಹೆಸರಿಗೆ ನಗುತ್ತಿದ್ದರು. ನಾನು ಅವರ ಮುಖ ನೋಡಿ ಇನ್ನೂ ಜೋರಾಗಿ ಹೇಳುತ್ತಿದ್ದೆ. ಸಿಟ್ಟು ಈ ಹುಡುಗಿಯ ಮೂಗಿನ ತುದಿಯಲ್ಲೇ ಕೂತಿರುತ್ತದೆ ಎಂದು ಅಪ್ಪ ಬಂದವರ ಮುಂದೆಲ್ಲ ಹೇಳುತ್ತಿದ್ದ. ಆ ಹೆಸರಿನಲ್ಲೇ ನನ್ನ ಎರಡು ಲೇಖನ ಅಚ್ಚಾದವು.

ಇಪ್ಪತ್ತಾರಕ್ಕೆ ಮದುವೆಯಾಯಿತು. ಬಿಜ್ಜರಗಿಯ ಮನೆತನ, ಅವರೂ ಹಿರೇಮಠರೇ. ವರ ಸಂಗು ಒಳ್ಳೆಯವನು. ಆದರೆ ಅವನ ತಾಯಿಯ ಹೆಸರೂ ರುದ್ರವ್ವ. ಒಂದೇ ಸೂರಿನಡಿ ಎರಡು ರುದ್ರವ್ವ ಹೇಗೆ ಸಾಧ್ಯ? ನಾಳೆ ಸೊಸೆಯನ್ನು ಯಾರಾದರೂ ಹೆಸರು ಹಿಡಿದು ಬೈದರೆ ಆ ಬೈಗುಳ ಅತ್ತೆಯ ಮೇಲೆ ಬೀಳುತ್ತದಲ್ಲ. ನಮ್ಮಲ್ಲಿ ಇದು ಎಲ್ಲರಿಗೂ ಗೊತ್ತಿರುವ ಪದ್ಧತಿ, ಯಾರೂ ಇದಕ್ಕೆ ಸಭೆ ಸೇರಿಸುವುದಿಲ್ಲ. ತಾಟಿನಲ್ಲಿ ಅಕ್ಕಿ ಹರವಿ ತಂದರು. ಸಂಗು ಉಂಗುರದಿಂದ ಅದರ ಮೇಲೆ ಬರೆದ: ವಿಜಯಲಕ್ಷ್ಮೀ. ಹೆಂಗಸರು ನಕ್ಕರು, ಫೋಟೋದವನು ಫೋಟೋ ತೆಗೆದ. ನನ್ನನ್ನು ಯಾರೂ ಒಂದು ಮಾತು ಕೇಳಲಿಲ್ಲ. ಮರುದಿನ ಅದೇ ಅಕ್ಕಿ ಕುದಿಸಿ ಎಲ್ಲರಿಗೂ ಬಡಿಸಿದರು, ನಾನೂ ಉಂಡೆ.

ಪಿಎಚ್.ಡಿ. ಹೊಸ ಹೆಸರಿನಲ್ಲಿ ಆಯಿತು. ಅಫಿಡವಿಟ್ ಮಾಡಿಸಿದೆ. ಆಮೇಲೆ ವಿಜಯಪುರದ ಒಂದು ಕಾಲೇಜಿನಲ್ಲಿ ಅತಿಥಿ ಉಪನ್ಯಾಸಕಿ. ಹದಿನೇಳು ವರ್ಷದ ಅತಿಥಿ. ಪ್ರತಿ ಬೇಸಿಗೆಗೆ ಬಿಡುಗಡೆ, ಪ್ರತಿ ಜೂನಿಗೆ ಹೊಸ ಅರ್ಜಿ. ತಿಕೋಟಾದಲ್ಲಿ ಸಂಗುನ ಗೊಬ್ಬರದ ಅಂಗಡಿ, ಹಿಂದೆಯೇ ಮನೆ. ಅಲ್ಲಿಂದ ದಿನಾ ಬಸ್ಸಿನಲ್ಲಿ ನಿಂತು ಹೋಗಿ ನಿಂತು ಬಂದೆ. ಕೊನೆಗೂ ಆ ಕಾಲೇಜಿನಲ್ಲಿ ಇಂಗ್ಲಿಷಿಗೆ ಒಂದು ಖಾಯಂ ಹುದ್ದೆ ಮಂಜೂರಾಯಿತು. ನನಗೆ ವಯಸ್ಸಿನ ಮಿತಿ ಮುಗಿಯಲು ಐದು ತಿಂಗಳಿತ್ತು. ಇದು ತಪ್ಪಿದರೆ ಮತ್ತೊಂದಿಲ್ಲ. ಎರಡು ಲೇಖನ ಕಡ್ಡಾಯ ಎಂದಿದ್ದರು, ನನ್ನವು ಎರಡೇ ಇದ್ದವು, ಇಟ್ಟೆ. ವಿಳಾಸದ ಪುರಾವೆಗೆ ರೇಶನ್ ಕಾರ್ಡ್ ಇಟ್ಟೆ. ರೇಶನ್ ಕಾರ್ಡಿನಲ್ಲಿ ಮನೆಯ ಹಿರಿಯ ಹೆಂಗಸೇ ಕುಟುಂಬದ ಮುಖ್ಯಸ್ಥೆ. ಮೊದಲ ಸಾಲಿನಲ್ಲೇ ಇತ್ತು: ರುದ್ರವ್ವ ಹಿರೇಮಠ. ಲೇಖನದ ಕೆಳಗೂ ರುದ್ರವ್ವ ಹಿರೇಮಠ. ಸಮಿತಿಯ ಕಾರ್ಯದರ್ಶಿ ಶಿವಶರಣಪ್ಪನವರು ಎರಡನ್ನೂ ಪಕ್ಕಪಕ್ಕ ಇಟ್ಟು ಕಳ್ಳತನ ಹಿಡಿದರು.

ನಾನು ಅವರ ಕೋಣೆಗೆ ಹೋಗಿ ನಿಂತಾಗ ಅವರು ಬಹಳ ಮರ್ಯಾದೆಯಿಂದ ಕೂಡ್ರಿ ಮೇಡಂ ಎಂದರು. ಅಫಿಡವಿಟ್ ತೋರಿಸಿದೆ. ಅದು ಪದವಿ ಪ್ರಮಾಣಪತ್ರಕ್ಕೆ ಮಾಡಿಸಿದ್ದು, ಲೇಖನಕ್ಕಲ್ಲ ಎಂದರು. ಮದುವೆಯ ಫೋಟೋ ತರುತ್ತೇನೆ ಎಂದೆ. ಅಕ್ಕಿಯ ಮೇಲೆ ಬರೆದದ್ದಕ್ಕೆ ಕಾನೂನಿನಲ್ಲಿ ಬೆಲೆ ಇಲ್ಲ ಎಂದರು. ಹಾಗಾದರೆ ಆ ಅಕ್ಕಿಯ ಹೆಸರಿನಲ್ಲೇ ಹದಿನೇಳು ವರ್ಷ ನನ್ನಿಂದ ಪಾಠ ಹೇಳಿಸಿಕೊಂಡಿರಲ್ಲ ಎಂದೆ. ಅದಕ್ಕೆ ಅವರು ಫ್ಯಾನಿನ ಕಡೆ ನೋಡಿದರು. ಗಂಡನೋ ತವರಿನವರೋ ಹೇಳಿದರೆ ನಡೆಯುವುದಿಲ್ಲ, ಅವರು ನಿಮ್ಮ ಕಡೆಯವರು ಎಂದರು. ಆ ರುದ್ರವ್ವನವರೇ ಮೂರು ದಿನದೊಳಗೆ ಬಂದು, ಈ ಲೇಖನ ತಾವು ಬರೆದಿಲ್ಲ ಎಂದು ನಮ್ಮೆದುರು ಹೇಳಿಕೆ ಕೊಟ್ಟರೆ ನೋಡೋಣ ಎಂದರು.

ಆ ಲೇಖನಗಳಲ್ಲಿ ಏನಿತ್ತು ಎಂಬುದನ್ನು ಇವರಲ್ಲಿ ಒಬ್ಬರಾದರೂ ಓದಿದ್ದರೆ ನಾಚಿಕೆಯಿಂದ ಮೇಜಿನ ಕೆಳಗೆ ಹೋಗುತ್ತಿದ್ದರು.

ಇಂಗ್ಲೆಂಡಿನ ಒಂದು ಸಣ್ಣ ಗ್ರಂಥಾಲಯದಲ್ಲಿ ಒಂದು ಮನೆವಾರ್ತೆಯ ಪುಸ್ತಕವಿದೆ. ಕೆಮ್ಮಿಗೆ ಕಷಾಯ, ಮಾಂಸ ಕೆಡದಂತೆ ಉಪ್ಪು ಹಾಕುವ ಕ್ರಮ, ನಡುನಡುವೆ ಪ್ರಾರ್ಥನೆ, ಅಲ್ಲಲ್ಲಿ ನಾಲ್ಕೆಂಟು ಸಾಲು ಪದ್ಯ. ಪುಸ್ತಕದ ಮೂರು ಭಾಗಕ್ಕೆ ಮೂರು ಹೆಸರು: ಮಾರ್ಜರಿ ವಿಂಟ್ಲಿ, ಮಾರ್ಜರಿ ಕೋಬ್, ಮಾರ್ಜರಿ ಸ್ಟ್ರೋಡ್. ನೂರು ವರ್ಷದ ಹಿಂದೆ ಒಬ್ಬ ಪಂಡಿತ ಇದನ್ನು ನೋಡಿ, ಇವರು ಮೂರು ಬೇರೆ ಬೇರೆ ಹೆಂಗಸರು, ಪುಸ್ತಕ ಕೈಯಿಂದ ಕೈಗೆ ಹೋಗಿದೆ, ಪದ್ಯಗಳು ಯಾವನೋ ಪಾದ್ರಿಯವು ಎಂದು ಬರೆದು ಮುಗಿಸಿದ. ಎಲ್ಲರೂ ಅದನ್ನೇ ನಂಬಿದರು. ನಾನು ಧಾರವಾಡದಿಂದ ಆ ಗ್ರಂಥಾಲಯಕ್ಕೆ ಪತ್ರ ಬರೆದೆ. ಅವರು ಅಷ್ಟೂ ಪುಟದ ಝೆರಾಕ್ಸ್ ಮಾಡಿ ಜೈನಾಪುರದ ಮನೆಗೆ ಟಪಾಲಿನಲ್ಲಿ ಕಳಿಸಿದರು. ಎರಡು ವರ್ಷ ಆ ಕೋಳಿಕಾಲಿನ ಅಕ್ಷರದ ಮೇಲೆ ಬಿದ್ದುಕೊಂಡಿದ್ದೆ.

ಮೊದಲ ಭಾಗದಲ್ಲಿ ಒಂದು ಹೆಣ್ಣುಕೂಸು ಮಾರ್ಚ್ ತಿಂಗಳಲ್ಲಿ, ವರ್ಷ ತುಂಬಿದ ದಿನವೇ, ಸಾಯುತ್ತದೆ. ಮರುವರ್ಷ ಅದೇ ಮಾರ್ಚ್ ತಿಂಗಳ ಅದೇ ದಿನ, ಕೆಮ್ಮಿನ ಔಷಧದ ಕೆಳಗೆ, ಒಂದು ಸಾಲು: ಇಂದಿಗೆ ಆಕೆಗೆ ಎರಡು ತುಂಬುತ್ತಿತ್ತು. ಮುಂದಿನ ವರ್ಷ ಮೂರು. ಗಂಡ ಸತ್ತು, ಮರುಮದುವೆಯಾಗಿ ಮಾರ್ಜರಿಯ ಹೆಸರು ಕೋಬ್ ಆಗುತ್ತದೆ, ಎಣಿಕೆ ನಿಲ್ಲುವುದಿಲ್ಲ: ಒಂಬತ್ತು, ಹತ್ತು. ಹೆಸರು ಸ್ಟ್ರೋಡ್ ಆಗುತ್ತದೆ: ಇಪ್ಪತ್ತು, ಇಪ್ಪತ್ತೊಂದು. ಮೂವತ್ತೊಂದರ ತನಕ. ಬೇರೆಯವಳ ಕೂಸಿನ ವಯಸ್ಸನ್ನು ಮೂವತ್ತು ವರ್ಷ ಯಾರು ಎಣಿಸುತ್ತಾರೆ? ಮೂವರೂ ಒಬ್ಬಳೇ. ಪದ್ಯಗಳೂ ಅವಳವೇ. ಇದನ್ನು ಜಗತ್ತಿಗೆ ಮೊದಲು ಹೇಳಿದವಳು ಜೈನಾಪುರದ ರುದ್ರವ್ವ.

ಅಂದು ಮನೆಗೆ ಬಂದಾಗ ಸಂಗು ಅಂಗಡಿ ಮುಚ್ಚಿ ಊಟಕ್ಕೆ ಕೂತಿದ್ದ. ಹೋಗಲಿ ಬಿಡು, ಆರೋಗ್ಯ ಕೆಡಿಸಿಕೊಳ್ಳಬೇಡ ಎಂದ. ಉಂಗುರ ಹಿಡಿದು ಬರೆದವನು ನೀನೇ ಎಂದೆ. ಅವನು ಮುರಿದ ರೊಟ್ಟಿಯನ್ನು ತಾಟಿನಲ್ಲಿಟ್ಟು ಕೈ ತೊಳೆಯಲು ಎದ್ದ. ಅತ್ತೆ ಅಂಗಳದಲ್ಲಿ ಮೊರ ಇಟ್ಟುಕೊಂಡು ಒಣದ್ರಾಕ್ಷಿಯ ತೊಟ್ಟು ಬಿಡಿಸುತ್ತಿದ್ದಳು. ಹತ್ತೊಂಬತ್ತು ವರ್ಷ ಆಕೆಯ ಎದುರು ದನಿ ಎತ್ತಿರಲಿಲ್ಲ. ಅವತ್ತು ಎತ್ತಿದೆ.

"ನನ್ನ ಹೆಸರು ತಿಂದ್ರಿ. ಈಗ ನನ್ನ ನೌಕರೀನೂ ತಿಂದ್ರಿ. ಹೊಟ್ಟಿ ತುಂಬಿತೇನ್ರಿ ಅತ್ತಿ?"

ಆಕೆ ತೊಟ್ಟು ಬಿಡಿಸುತ್ತಲೇ ಇದ್ದಳು. ಆದದ್ದೆಲ್ಲ ಒದರಿದೆ, ಕೆಂಪು ಮಸಿಯ ವಾಕ್ಯವನ್ನೂ ಓದಿದೆ. ತಾನು ಇಂಗ್ಲಿಷ್ ಬರೆದಿದ್ದೇನೆಂದು ಕೇಳಿ ಆಕೆ ನಗಬಹುದು ಎಂದುಕೊಂಡಿದ್ದೆ, ನಗಲಿಲ್ಲ. ಆ ಪುಸ್ತಕದಲ್ಲಿ ಏನಿದೆ ಎಂದು ಕೇಳಿದಳು. ಮದುವೆಯಾಗಿ ಬಂದಾಗ ನನ್ನ ಝೆರಾಕ್ಸ್ ಗಂಟನ್ನು ದೆವ್ವದ ಕಾಗದ ಎಂದು ಅಟ್ಟಕ್ಕೆ ಹಾಕಿಸಿದವಳು ಮೊದಲ ಸಲ ಕೇಳುತ್ತಿದ್ದಳು. ಬೇಸರದಿಂದಲೇ ಹೇಳಿದೆ: ಮೂರು ಹೆಸರು, ಸತ್ತ ಕೂಸು, ಎಣಿಕೆ. ಕೇಳುತ್ತ ಕೇಳುತ್ತ ಆಕೆಯ ಕೈ ಮೊರದೊಳಗೇ ನಿಂತಿತು. ಗಂಡ ಬದಲಾದರೆ ಆಕೆಯ ಹೆಸರು ಯಾಕೆ ಬದಲಾಗಬೇಕು ಎಂದಳು. ಅಲ್ಲಿಯ ಪದ್ಧತಿ ಎಂದೆ. ಹೂಂ ಎಂದಳು. ಮೊರ ಪಕ್ಕಕ್ಕಿಟ್ಟು, ನಾಡಿದ್ದು ನಾನು ಬರುತ್ತೇನೆ, ಏನು ಹೇಳಬೇಕು ಕಲಿಸಿಕೊಡು ಎಂದಳು.

ಕಲಿಸಿದೆ. ಲೇಖನ ನಾನು ಬರೆದಿಲ್ಲ, ಬರೆದದ್ದು ನನ್ನ ಸೊಸೆ, ಆಕೆಯ ತವರಿನ ಹೆಸರು ರುದ್ರವ್ವ. ಇಷ್ಟೇ. ಆಮೇಲೆ ಹೆಬ್ಬೆಟ್ಟು.

ಮೂರನೆಯ ದಿನ ಆಕೆ ಇಳಕಲ್ ಸೀರೆ ಉಟ್ಟು, ವಿಭೂತಿ ಹಚ್ಚಿಕೊಂಡು ನನ್ನ ಜೊತೆ ಬಂದಳು. ಶಿವಶರಣಪ್ಪನವರು ನಡುವೆ, ಅತ್ತ ಇತ್ತ ಇನ್ನಿಬ್ಬರು. ಮೂಲೆಯ ಕಂಪ್ಯೂಟರಿನ ಎದುರು ಮಹಾನಂದಾ ಎಂಬ ಗುಮಾಸ್ತೆ. ಅವಳು ನನ್ನ ಹಳೆಯ ವಿದ್ಯಾರ್ಥಿನಿ, ನನ್ನ ಮುಖ ನೋಡಲಾರದೆ ಕೀಲಿಮಣೆ ನೋಡುತ್ತಿದ್ದಳು. ನಿಮ್ಮ ಹೆಸರು ಹೇಳಿರಿ ಎಂದರು ಶಿವಶರಣಪ್ಪನವರು.

ಅತ್ತೆ ಹೆಸರು ಹೇಳದೆ ಮೇಜಿನ ಮೇಲಿದ್ದ ಲೇಖನಗಳ ಕಡೆ ನೋಡಿದಳು. ಕಲಿಸಿದ್ದು ಮರೆಯಿತು ಎಂದುಕೊಂಡು ನಾನು ಹಲ್ಲು ಕಚ್ಚಿದೆ.

"ಅದನ್ನ ಬರಿಯಾಕ ನನಗ ಇಂಗ್ಲಿಷ್ ಬರಂಗಿಲ್ರಿ ಯಪ್ಪಾ," ಎಂದಳು. "ಅದು ಇಕಿ ಬರದದ್ದು. ರುದ್ರವ್ವ ಇಕೀನ. ನಾ ರುದ್ರವ್ವ ಅಲ್ರಿ."

ಕಾರ್ಡಿನಲ್ಲಿ ಹಾಗೇ ಇದೆಯಲ್ಲ ಎಂದರು ಅವರು.

"ರುದ್ರವ್ವ ಅಂದ್ರ ನಮ್ಮ ಮನಿಯವ್ರ ಮೊದಲನೇ ಹೇಣ್ತಿ. ಹಡದು ಒಂಬತ್ತ ದಿನಕ್ಕ ಸತ್ಲು, ಕೂಸೂ ಸತ್ತಿತು. ನಾ ಹದಿನಾರರಾಕಿ ಬಂದೆ. ಆಕಿ ತಾಳಿ ನನ್ನ ಕೊಳ್ಳಾಗ ಹಾಕಿದ್ರು, ಆಕಿ ಹೆಸರೂ ನನ್ನ ಮ್ಯಾಲ ಹಾಕಿದ್ರು. ಸತ್ತಾಕಿ ಸಮಾಧಾನ ಆಗತಾಳ ಅಂದ್ರು. ಐವತ್ತೈದು ವರ್ಷ ಆಕಿ ಹೆಸರು ಹೊತ್ತೇನಿ. ಆ ಹೆಸರು ಉಳಿಸಾಕ ಮತ್ತ ಈ ಹುಡುಗಿ ಹೆಸರು ಕಸ್ಕೊಂಡೆ. ನಂದ ಅಲ್ಲದ್ದಕ್ಕ."

ಮಹಾನಂದಾಳ ಕೈ ಕೀಲಿಮಣೆಯ ಮೇಲೆ ನಿಂತುಬಿಟ್ಟಿತ್ತು. ಶಿವಶರಣಪ್ಪನವರು ಕನ್ನಡಕ ತೆಗೆದು ಒರೆಸಿ ಮತ್ತೆ ಹಾಕಿಕೊಂಡರು. ಇದೆಲ್ಲ ಹೇಳಿಕೆಯಲ್ಲಿ ಬೇಡ, ಬರೆದಿಲ್ಲ ಅನ್ನುವ ಮಾತಷ್ಟೇ ಸಾಕು ಎಂದು ಮಹಾನಂದಾಳಿಗೆ ಹೇಳಿದರು. ಎರಡು ಸಾಲಿನ ಹೇಳಿಕೆ ಟೈಪಾಗಿ ಬಂತು. ಅವರು ಮಸಿಯ ಪ್ಯಾಡಿನ ಮುಚ್ಚಳ ತೆಗೆದು ಅತ್ತೆಯ ಮುಂದೆ ಸರಿಸಿದರು.

ಅತ್ತೆ ಪ್ಯಾಡನ್ನು ನೋಡಲಿಲ್ಲ. ಪೆನ್ ಕೊಡ್ರಿ ಎಂದಳು.

ಬಗ್ಗಿ, ಸೀರೆಯ ಸೆರಗು ಹಲ್ಲಿನಲ್ಲಿ ಕಚ್ಚಿ ಹಿಡಿದು, ಒಂದೊಂದೇ ಅಕ್ಷರ ಬರೆದಳು. ಶಾಲೆಯಲ್ಲಿ ಮಕ್ಕಳು ಬರೆಯುವಂಥ ದೊಡ್ಡ ದುಂಡು ಅಕ್ಷರ, ಆದರೆ ಒಂದೂ ತಪ್ಪಿಲ್ಲ. ಸಾವಂತ್ರವ್ವ.

"ಸಾಲ್ಯಾಗ ನಾಕನೇತ್ತಾ ತನಕ ಕಲ್ತೇನ್ರಿ. ಬರಿಯಾಕ ಬರೂದು ಇದೊಂದ ಹೆಸರು. ಇನ್ನೊಬ್ಬಾಕಿ ಹೆಸರು ನನ್ನ ಕೈಲೆ ಹೆಂಗ ಬರೀಲಿ? ಅದಕ್ಕ ಇಷ್ಟ ದಿನ ಹೆಬ್ಬಟ್ಟ ಒತ್ತೀನಿ. ಬಟ್ಟಿಗಿ ಹೆಸರಿರಂಗಿಲ್ಲ."

ಆಗ ನನಗೆ ಬಂದ ಸಿಟ್ಟು ಈ ಮೂವರ ಮೇಲೆ ಬಂದದ್ದಲ್ಲ. ನಾಲ್ಕುನೂರು ವರ್ಷದ ಹಿಂದೆ, ಸಮುದ್ರದ ಆಚೆ, ಒಬ್ಬಳು ಉಪ್ಪಿನ ಲೆಕ್ಕದ ಕೆಳಗೆ ಗೀಚಿದ ಸಾಲು ಹಿಡಿದು ಅವಳು ಯಾರೆಂದು ಪತ್ತೆ ಮಾಡಿದವಳು ನಾನು. ಅದಕ್ಕೇ ನನಗೆ ಡಾಕ್ಟರ್ ಅನ್ನುತ್ತಾರೆ. ಹತ್ತೊಂಬತ್ತು ವರ್ಷ ನನಗೆ ರೊಟ್ಟಿ ಬಡಿದು ಹಾಕಿದವಳನ್ನು ನಿಮ್ಮ ತವರಿನ ಹೆಸರೇನು ಎಂದು ಒಂದು ದಿನ ಕೇಳಲಿಲ್ಲ. ಆಕೆ ಯಾರನ್ನೂ ಕೇಳದೆ ಸರಿಯಾದ ಬಸ್ಸನ್ನೇ ಹತ್ತುವುದನ್ನು ನೋಡಿದ್ದೆ, ರೂಢಿ ಎಂದುಕೊಂಡಿದ್ದೆ. ಅನಕ್ಷರಸ್ಥೆ ಎಂದು ಜನಗಣತಿಯವರಿಗೆ ನಾನೇ ಹೇಳಿ ಬರೆಸಿದ್ದೆ. ಥೂ ನನ್ನ ವಿದ್ಯೆಗೆ.

ಶಿವಶರಣಪ್ಪನವರು ಕಾಗದ ನೋಡಿ ತಲೆ ಅಲ್ಲಾಡಿಸಿದರು. ರೇಶನ್ ಕಾರ್ಡಿನಲ್ಲಿ ರುದ್ರವ್ವ ಇದೆ, ಸಹಿ ಸಾವಂತ್ರವ್ವ ಇದೆ, ಸಾವಂತ್ರವ್ವ ಅನ್ನುವವರು ದಾಖಲೆಯಲ್ಲೇ ಇಲ್ಲ, ಇಲ್ಲದವರ ಸಾಕ್ಷಿ ಹೇಗೆ ತೆಗೆದುಕೊಳ್ಳುವುದು ಎಂದರು. ಬೇರೆ ಕಾಗದ ತೆಗೆಸುತ್ತೇನೆ, ಅಮ್ಮ ರುದ್ರವ್ವ ಅಂತ ಹೆಬ್ಬೆಟ್ಟು ಒತ್ತಿಬಿಡಲಿ, ನಿಮ್ಮ ಕೆಲಸವೂ ಆಗುತ್ತದೆ, ನನ್ನದೂ ಆಗುತ್ತದೆ. ಈಗ ನಾಲ್ಕು ಗಂಟೆ, ಐದಕ್ಕೆ ಅರ್ಹರ ಯಾದಿ ಮುಚ್ಚುತ್ತದೆ. ಅವರು ಕೆಟ್ಟ ದನಿಯಲ್ಲಿ ಹೇಳಲಿಲ್ಲ, ಉಪಕಾರ ಮಾಡುವವರ ದನಿಯಲ್ಲೇ ಹೇಳಿದರು.

ಮಹಾನಂದಾ ಅದೇ ಎರಡು ಸಾಲಿನ ಹೊಸ ಕಾಗದ ತಂದಿಟ್ಟಳು. ಸಹಿ ಇದ್ದ ಕಾಗದವನ್ನು ಶಿವಶರಣಪ್ಪನವರು ಮಡಚಿ ಕಸದ ಬುಟ್ಟಿಯ ಕಡೆ ಕೈ ಚಾಚಿದರು. ನಾನು ಅದನ್ನು ಅವರ ಕೈಯಿಂದ ತೆಗೆದುಕೊಂಡೆ.

"ಒತ್ತತೀನಿ ಬಿಡವ್ವ," ಎಂದಳು ಅತ್ತೆ, ನನ್ನ ಕಡೆ ತಿರುಗಿ. "ಐವತ್ತೈದು ವರ್ಷ ಒತ್ತೀನಿ, ಇದೊಂದ ಸಲ ಹೆಚ್ಚಲ್ಲ. ನಿನ್ನ ನೌಕರಿ ಐತಿ."

ಹೆಬ್ಬೆರಳು ಆಗಲೇ ಮಸಿಯ ಹತ್ತಿರ ಹೋಗಿತ್ತು. ಸತ್ಯವಾಗಿ ಹೇಳುತ್ತೇನೆ, ಒಂದು ಗಳಿಗೆ ನಾನು ಒತ್ತಲಿ ಎಂದು ಬಯಸಿದೆ. ಖಾಯಂ ಸಂಬಳ, ಜೂನಿನಲ್ಲಿ ಮತ್ತೆ ಅರ್ಜಿ ಹಿಡಿದು ನಿಲ್ಲದ ಬದುಕು, ಬಾಗಿಲ ಮೇಲೆ ನನ್ನ ಹೆಸರಿನ ಫಲಕ. ಆ ಫಲಕದ ಮೇಲೂ ಅಕ್ಕಿಯ ಮೇಲೆ ಬರೆದ ಹೆಸರೇ ಇರುತ್ತಿತ್ತು.

ನಾನು ಆಕೆಯ ಮುಂಗೈ ಹಿಡಿದುಕೊಂಡೆ. ಇನ್ನೊಂದು ಕೈಯಿಂದ ಪ್ಯಾಡಿನ ಮುಚ್ಚಳ ಹಾಕಿದೆ.

"ಇವರು ಒತ್ತಂಗಿಲ್ರಿ," ಎಂದೆ. "ಸಹಿ ಮಾಡ್ಯಾರ. ತಗೊಂಡ್ರ ತಗೋರಿ, ಬಿಟ್ರ ಬಿಡ್ರಿ."

ತೆಗೆದುಕೊಳ್ಳಲಿಲ್ಲ. ಸಾಕ್ಷಿ ಸಿಂಧುವಲ್ಲ ಎಂದು ಅದೇ ಕೆಂಪು ಮಸಿಯಲ್ಲಿ ಬರೆದು ನನ್ನ ಅರ್ಜಿಯನ್ನು ವಾಪಸ್ ಕೊಟ್ಟರು. ಐದು ಗಂಟೆಗೆ ಗೋಡೆಗೆ ಹಚ್ಚಿದ ಯಾದಿಯಲ್ಲಿ ನಾನಿರಲಿಲ್ಲ. ವಿಜಯಲಕ್ಷ್ಮೀಯೂ ಇರಲಿಲ್ಲ, ರುದ್ರವ್ವನೂ ಇರಲಿಲ್ಲ. ಹೊರಗೆ ಬರುವಾಗ ಮಹಾನಂದಾ ಬಾಗಿಲ ತನಕ ಬಂದು ಏನೋ ಹೇಳಲು ಹೋದಳು. ನಿನ್ನ ಲಗ್ನ ಯಾವಾಗ ಎಂದು ಕೇಳಿದೆ. ಮುಂದಿನ ತಿಂಗಳು ಎಂದಳು. ಅಕ್ಕಿ ತಂದರೆ ತಾಟು ಬೋರಲು ಹಾಕು ಎಂದು ಹೇಳಿ ಇಳಿದು ಬಂದೆ.

ಸ್ಟೇಷನ್ ರಸ್ತೆಯ ತುಂಬ ಅಂಗಡಿಗಳು, ಎಲ್ಲದರ ಮೇಲೂ ಗಂಡಸರ ಹೆಸರಿನ ಬೋರ್ಡು. ಅತ್ತೆ ಒಂದೊಂದನ್ನೇ ಬಾಯಿಬಿಟ್ಟು ಓದುತ್ತ ನಡೆದಳು. ಕದ್ದು ಓದಬೇಕಾದ ಕಾರಣ ಇನ್ನಿರಲಿಲ್ಲ. ಸಹಿಯ ಕಾಗದ ನನ್ನ ಚೀಲದಲ್ಲಿತ್ತು. ಬಸ್ ಸ್ಟ್ಯಾಂಡಿನಲ್ಲಿ ತಿಕೋಟಾದ ಬಸ್ಸು ಇನ್ನೂ ಬಂದಿರಲಿಲ್ಲ. ಜನ ಬಹಳ ಇದ್ದರು. ಕಟ್ಟೆಯ ಮೇಲೆ ಇಬ್ಬರೂ ಕೂತೆವು.

"ನೌಕರಿ ಹೋತು," ಎಂದಳು ಅತ್ತೆ.

"ಹೋತ್ರಿ."

"ಸಿಟ್ಟು ಬಂದೈತಿ."

"ಬಂದೈತ್ರಿ."

"ನನ್ನ ಮ್ಯಾಲ?"

ಸುಳ್ಳು ಹೇಳಲು ಮನಸ್ಸಾಗಲಿಲ್ಲ. ನಿಮ್ಮ ಮೇಲೂ ಬಂದಿದೆ ಎಂದೆ.

"ಹಂಗಾರ ಬೈ," ಎಂದಳು ಆಕೆ. "ಮನಸ್ಯಾಗ ಇಟ್ಕೋಬ್ಯಾಡ. ಹೆಸರು ಹಿಡದು ಬೈ. ನಮ್ಮವ್ವ ಸತ್ತ ಮ್ಯಾಲ ಆ ಹೆಸರಿಲೆ ನನ್ನ ಯಾರೂ ಬೈದಿಲ್ಲ."

ಅತ್ತೆಯ ಹೆಸರು ಸೊಸೆಯ ಬಾಯಲ್ಲಿ ಬರಬಾರದು. ಬರಬಾರದೆಂದೇ ನನ್ನ ಹೆಸರನ್ನು ಅಕ್ಕಿಯಲ್ಲಿ ಬೇಯಿಸಿ ಊರಿಗೆಲ್ಲ ಬಡಿಸಿದ್ದರು. ನಾನು ಎದ್ದು ನಿಂತೆ. ಹತ್ತೊಂಬತ್ತು ವರ್ಷದ್ದೂ, ಆ ಮಧ್ಯಾಹ್ನದ್ದೂ, ಎಲ್ಲ ಸೇರಿಸಿ ಒದರಿದೆ.

"ಸಾವಂತ್ರವ್ವಾ, ಐವತ್ತೈದು ವರ್ಷ ಬಾಯಿ ಮುಚ್ಕೊಂಡು ಯಾಕ ಕುಂತಿದ್ದಿ ಬೇ?"

ಬಸ್ ಸ್ಟ್ಯಾಂಡಿನ ಜನರೆಲ್ಲ ತಿರುಗಿ ನೋಡಿದರು.

"ಓ," ಎಂದು ಓಗೊಟ್ಟಳು ಅತ್ತೆ.